ಮೌನಿಕಾಳ ತೊಟ್ಟಿಲ ಹೆಸರು

ಕೇಕಿಗಾಗಿ ಆಟ ಅರ್ಧಕ್ಕೆ ನಿಂತಾಗಲೂ ಮೌನಿಕಾ ನಗುತ್ತಿದ್ದಳು. ಕೇಕ್ ಕತ್ತರಿಸುವ ಫೋಟೋ ತೆಗೆಯಲೆಂದು ಫೋನ್ ಕೈಗೆ ತೆಗೆದುಕೊಂಡಳು. ನಗು ಅಲ್ಲಿಗೇ ಮುಗಿಯಿತು.

ಪರದೆಯ ಮೇಲೆ ಪುಣೆಯ ಆಸ್ಪತ್ರೆಯ ಸಂದೇಶವಿತ್ತು. ನೀವು ನರ್ಸ್ ಹುದ್ದೆಯನ್ನು ಬೇಡವೆಂದಿದ್ದೀರಿ, ನಿಮ್ಮ ಜಾಗ ವೇಟಿಂಗ್ ಲಿಸ್ಟಿನ ಮುಂದಿನವರಿಗೆ ಹೋಗಿದೆ, ಧನ್ಯವಾದ.

ಅವಳು ಬೇಡವೆಂದಿರಲಿಲ್ಲ. ಮಧ್ಯಾಹ್ನದಿಂದ ಫೋನನ್ನೇ ಮುಟ್ಟಿರಲಿಲ್ಲ.

ಮರುದಿನ ಬೆಳಿಗ್ಗೆ ಅಪ್ಪ, ಮಗಳು ಚಿಕ್ಕಬಳ್ಳಾಪುರದ ಸೈಬರ್ ಠಾಣೆಗೆ ಬಂದರು. ನಾನು ಅಲ್ಲಿ ಸಬ್ ಇನ್ಸ್‌ಪೆಕ್ಟರ್. ಹೆಸರು ಶಿರೀಷಾ. ದಿನ ಬೆಳಗಾದರೆ ಲಾಟರಿ, ಓಟಿಪಿ ಅಂತ ಮೋಸ ಹೋದವರ ಮುಖ ನೋಡಿ ನೋಡಿ ಸಾಕಾಗಿತ್ತು. ಈ ಹುಡುಗಿಯ ಮುಖ ಹಾಗಿರಲಿಲ್ಲ. ಅತ್ತಿರಲಿಲ್ಲ. ಅಳುವುದಕ್ಕೂ ಆಗದಷ್ಟು ಸೋತಿದ್ದಳು.

“ಕೆಲ್ಸ ಕದ್ದೋಳು ಯಾರು ಅಂತ ಗೊತ್ತು ಮೇಡಂ, ಬರ್ಕೊಳ್ಳಿ,” ಎಂದ ಅಪ್ಪ ರಾಮಾಂಜಿನಪ್ಪ. “ಅರ್ಫಾ. ಶಿಡ್ಲಘಟ್ಟದ ಸಾದಿಕ್ ಪಾಷಾ ಮಗಳು. ಇವ್ಳ ಫ್ರೆಂಡು.”

“ನೋಡಿದೋರು ಇದ್ದಾರಾ?”

“ನಾನು ರೇಷ್ಮೆ ಗೂಡು ತಗೊಂಡು ಮಾರ್ಕೆಟ್ಟಿಗೆ ಹೋಗಿದ್ದೆ. ವೇಟಿಂಗ್ ಲಿಸ್ಟಲ್ಲಿ ಫಸ್ಟ್ ಇರೋಳು ಅವ್ಳೇ. ಇನ್ನೇನ್ ನೋಡ್ಬೇಕು?”

ನಾನು ಮೌನಿಕಾಳ ಕಡೆ ತಿರುಗಿದೆ. “ನಿನಗೂ ಹಾಗೇ ಅನ್ಸುತ್ತಾ?”

ಅವಳು ನೆಲ ನೋಡಿದಳು. ಆಮೇಲೆ ದೂರಿನ ಕೆಳಗೆ ಸಹಿ ಹಾಕಿದಳು. ದೂರಿನಲ್ಲಿ ಅರ್ಫಾಳ ಹೆಸರಿತ್ತು.

*

ಅವತ್ತೇ ಮೌನಿಕಾಳ ಮನೆಗೆ ಹೋದೆ. ಶಿಡ್ಲಘಟ್ಟದಿಂದ ಆಚೆ, ಹಿಪ್ಪುನೇರಳೆ ತೋಟಗಳ ನಡುವಿನ ಒಂದು ಹಳ್ಳಿ. ಅಪ್ಪ ರೇಷ್ಮೆ ಹುಳು ಸಾಕುತ್ತಾನೆ. ಅಮ್ಮ ಶ್ಯಾಮಲಮ್ಮ ಹಾಲಿನ ಸಂಘದ ಕಾರ್ಯದರ್ಶಿ. ಅಪ್ಪನ ತಾಯಿ ಓಬಳಮ್ಮ ಜಗುಲಿಯ ಮೇಲೆ ಇರುತ್ತಾರೆ. ಮೌನಿಕಾಗೆ ಚಿಂತಾಮಣಿಯ ನರೇಂದ್ರನ ಜೊತೆ ಮದುವೆ ಗೊತ್ತಾಗಿತ್ತು. ಕಾರ್ಡು ಹಂಚಿ ಆಗಿತ್ತು.

ಮದುವೆಗೆ ಮೊದಲು ಗೆಳತಿಯರೆಲ್ಲ ಸೇರಿ ಒಂದು ಪಾರ್ಟಿ ಇಟ್ಟುಕೊಂಡಿದ್ದರು. ‘ಬ್ರೈಡ್ ಟು ಬಿ’ ಅಂತೆ. ಮದುವೆ ಹೆಣ್ಣಿನ ಹೆಗಲಿಗೆ ರಿಬ್ಬನ್, ತಾರಸಿ ಮೇಲೆ ಬಲೂನು, ಹಾಡು, ಕುಣಿತ. ಈಗ ನಮ್ಮ ಕಡೆಗೂ ಬಂದಿದೆ. ದೊಡ್ಡವರು ಮೂಗು ಮುರಿಯುತ್ತಾರೆ. ನನಗೇನೂ ಬೇಜಾರಿಲ್ಲ. ಇಡೀ ಮದುವೆಯಲ್ಲಿ ಹುಡುಗಿಯ ಇಷ್ಟದಂತೆ ನಡೆಯುವುದು ಅದೊಂದೇ ಮಧ್ಯಾಹ್ನ.

ಪಾರ್ಟಿಯಲ್ಲಿ ಒಂದು ಕ್ವಿಜ್. ‘ನಮ್ಮ ಮೌನಿಕಾ ನಿಮಗೆಷ್ಟು ಗೊತ್ತು?’ ತಯಾರಿ ಪೂರ್ತಿ ಅರ್ಫಾಳದು. ಅವಳು ಮೌನಿಕಾಳ ಅತ್ತೆ, ಚಿಕ್ಕಮ್ಮಂದಿರನ್ನೆಲ್ಲ ಕಾಡಿ ಪ್ರಶ್ನೆ ಕೂಡಿಹಾಕಿದ್ದಳು. ಹಳದಿ ಕಾರ್ಡಿನ ಒಂದು ಕಡೆ ಪ್ರಶ್ನೆ, ಹಿಂದುಗಡೆ ಉತ್ತರ. ಮೌನಿಕಾ ಹುಳು ಮುಟ್ಟಲು ಹೆದರಿ ಯಾರಿಗೆ ಪೆಪ್ಪರಮೆಂಟು ಲಂಚ ಕೊಡುತ್ತಿದ್ದಳು? ಮೊದಲನೇ ಸಲ ಇಂಜೆಕ್ಷನ್ ಚುಚ್ಚುವಾಗ ತಲೆ ತಿರುಗಿ ಬಿದ್ದವರು ರೋಗಿಯೋ, ಮೌನಿಕಾಳೋ? ಕಾರ್ಡುಗಳನ್ನು ಓದುತ್ತಾ ನನಗೇ ನಗು ಬಂತು. ಪ್ರೀತಿ ಇಲ್ಲದವರು ಬರೆಯುವ ಪ್ರಶ್ನೆಗಳಲ್ಲ. ಆದರೆ ಪ್ರೀತಿ ಇದ್ದವರು ಕಳ್ಳತನ ಮಾಡುವುದಿಲ್ಲ ಎಂದು ನಂಬುವಷ್ಟು ಹೊಸಬಳಲ್ಲ ನಾನು, ಪೊಲೀಸ್ ಕೆಲಸಕ್ಕೆ.

ಆಟಕ್ಕೆ ಒಂದು ಕಟ್ಟುನಿಟ್ಟಿನ ನಿಯಮ. ಯಾರೂ ಫೋನ್ ಮಾಡಿ ಉತ್ತರ ಕೇಳಬಾರದು. ಅದಕ್ಕೇ ಎಲ್ಲರ ಫೋನೂ ಒಂದು ಮೊರದಲ್ಲಿ ಹಾಕಿ, ಕೆಳಗೆ ಅಡುಗೆಮನೆಯಲ್ಲಿ ಇಟ್ಟಿದ್ದರು.

“ಫೋನ್ ಲಾಕ್ ಇತ್ತಾ?” ಎಂದು ಮೌನಿಕಾಳನ್ನು ಕೇಳಿದೆ.

“ಪ್ಯಾಟರ್ನ್ ಇದೆ ಮೇಡಂ. ಮನೇಲಿ ಎಲ್ರಿಗೂ ಗೊತ್ತು. ಅರ್ಫಾಗೂ ಗೊತ್ತು.”

“ಆಸ್ಪತ್ರೆ ವೆಬ್‌ಸೈಟಿಗೆ?”

“ಪಾಸ್‌ವರ್ಡು ಫೋನಲ್ಲೇ ಸೇವ್ ಆಗಿತ್ತು. ಕೆಲ್ಸ ಬೇಡ ಅಂತ ಒತ್ತಿದ್ರೆ ಮಾತ್ರ ಒಂದು ಪ್ರಶ್ನೆ ಕೇಳುತ್ತೆ. ಅರ್ಜಿ ಹಾಕೋವಾಗ ನಾವೇ ಇಟ್ಕೊಂಡಿರೋ ಪ್ರಶ್ನೆ.”

“ನೀನು ಇಟ್ಟಿದ್ದು?”

“ಚಿಕ್ಕಂದಿನ ಹೆಸರು. ತೊಟ್ಟಿಲಲ್ಲಿ ಇಟ್ಟ ಹೆಸರು.”

ಪಕ್ಕದಲ್ಲಿದ್ದ ನಮ್ಮ ಕಾನ್‌ಸ್ಟೆಬಲ್ ಚಲಪತಿ ಕಾರ್ಡುಗಳ ಕಟ್ಟನ್ನು ಮಗುಚಿದ. ಕೊನೇ ಸುತ್ತಿನವು ಇನ್ನೂ ರಬ್ಬರ್ ಬ್ಯಾಂಡಿನಲ್ಲೇ ಇದ್ದವು. ಆ ಸುತ್ತಿಗೆ ಮೊದಲೇ ಆಟ ನಿಂತಿತ್ತಲ್ಲ. ಅವನು ಅದರೊಳಗಿಂದ ಒಂದನ್ನು ಎಳೆದು ಪ್ರಶ್ನೆಯ ಕಡೆಯನ್ನು ನನ್ನ ಮುಂದೆ ಹಿಡಿದ.

‘ತೊಟ್ಟಿಲಿಗೆ ಹಾಕಿದಾಗ ಮೌನಿಕಾಗೆ ಇಟ್ಟ ಹೆಸರೇನು?’

“ಸಿಕ್ಕಾಕೊಂಡ್ಲು ಮೇಡಂ,” ಎಂದ.

ಸಿಕ್ಕಿಹಾಕಿಕೊಂಡ ಹಾಗೇ ಇತ್ತು. ಕೆಲಸ ಹೋದರೆ ಲಾಭ ಅವಳಿಗೆ. ಫೋನಿನ ಪ್ಯಾಟರ್ನ್ ಗೊತ್ತು. ಆಟದ ನೆಪದಲ್ಲಿ ಹೆಸರನ್ನೂ ಕೇಳಿ ಇಟ್ಟುಕೊಂಡಿದ್ದಾಳೆ. ಇಷ್ಟು ಸಲೀಸಾಗಿ ಸಿಕ್ಕಿಬೀಳುವ ಕಳ್ಳರು ನನಗೆ ಯಾವತ್ತೂ ಹಿಡಿಸುವುದಿಲ್ಲ.

ಅಡುಗೆಮನೆಯಲ್ಲಿ ಶ್ಯಾಮಲಮ್ಮ ಕಾಫಿ ಸೋಸುತ್ತಿದ್ದರು. “ಆ ಹುಡ್ಗಿ ಆಟದ ಮಧ್ಯ ಕೆಳಗ್ ಬಂದಿದ್ಲು ಮೇಡಂ. ಮೊರದಿಂದ ಫೋನ್ ತಗೊಂಡು ಹೋದ್ಲು. ನಾನು ಬೋಂಡ ಕರೀತಿದ್ದೆ, ಯಾರ ಫೋನು ಅಂತ ನೋಡ್ಲಿಲ್ಲ.”

“ತೊಟ್ಟಿಲ ಹೆಸರು ಅವಳಿಗೆ ಹೇಗೆ ಗೊತ್ತಾಯ್ತು?”

“ಹೋದ ವಾರ ಬಂದು ಕೇಳಿದ್ಲು. ನಾನೇ ಹೇಳ್ದೆ. ಮನೆ ಮಗಳ ಥರ ಇದ್ಲು. ಹಿಂಗ್ ಮಾಡ್ತಾಳೆ ಅಂತ ಯಾರಿಗ್ಗೊತ್ತು?” ಸೆರಗಿನಿಂದ ಕಣ್ಣು ಒರೆಸಿಕೊಂಡರು.

*

ಶಿಡ್ಲಘಟ್ಟ. ಸಾದಿಕ್ ಪಾಷಾನ ಮನೆಯ ಹಿಂದೆಯೇ ಗೂಡಿನಿಂದ ರೇಷ್ಮೆ ನೂಲು ಬಿಚ್ಚುವ ಘಟಕ. ಆ ದಿನ ಯಂತ್ರ ನಿಂತಿತ್ತು. ಕಾರಣ ಅವನೇ ಹೇಳಿದ. ಬೆಳಿಗ್ಗೆ ಠಾಣೆಗೆ ಬರುವ ಮೊದಲೇ ಗೂಡಿನ ಮಾರುಕಟ್ಟೆಯಲ್ಲಿ ರಾಮಾಂಜಿನಪ್ಪ ಎಲ್ಲರೆದುರಿಗೆ ಅವನ ಕೊರಳಪಟ್ಟಿ ಹಿಡಿದು, ನಿನ್ನ ಮಗಳು ಕಳ್ಳಿ ಎಂದಿದ್ದ. ಪಾಷಾ ಗೂಡು ಕೊಳ್ಳದೆ ವಾಪಸ್ ಬಂದಿದ್ದ.

“ವರ್ಷಗಟ್ಲೆ ಅವ್ರ ಗೂಡು ತಗೊಂಡಿದ್ದೀನಿ ಮೇಡಂ. ಒಬ್ರೂ ಅವ್ರನ್ನ ಬಿಡಿಸ್ಲಿಲ್ಲ. ಎಲ್ರೂ ನನ್ನೇ ನೋಡ್ತಿದ್ರು,” ಎಂದ.

ಅರ್ಫಾ ನೇರವಾಗಿ ಮಾತಾಡುವ ಹುಡುಗಿ. ಕಣ್ಣು ಊದಿಕೊಂಡಿದ್ದವು, ದನಿ ಗಟ್ಟಿಯಾಗಿಯೇ ಇತ್ತು.

“ಫೋನ್ ತಗೊಂಡಿದ್ದು ಹೌದು. ನಂದೇ ಫೋನು. ನರೇಂದ್ರ ಅವ್ರ ವಿಡಿಯೋ ಅದ್ರಲ್ಲಿತ್ತು.”

“ಏನು ವಿಡಿಯೋ?”

“ಅದೇ ಪ್ರಶ್ನೆಗಳನ್ನ ಮದುವೆ ಗಂಡಿಗೂ ಕೇಳಿ ರೆಕಾರ್ಡ್ ಮಾಡ್ಸಿದ್ದೆ. ಹುಡ್ಗೀರು ಉತ್ತರ ಹೇಳಿದ್ಮೇಲೆ ಅವ್ರು ಏನ್ ಹೇಳಿದ್ದಾರೆ ಅಂತ ತೋರ್ಸೋದು.”

ವಿಡಿಯೋ ನೋಡಿದೆ. ನರೇಂದ್ರ ಕೂದಲಿಗೆ ಜೆಲ್ ಹಾಕಿಕೊಂಡು ಕುರ್ಚಿಯಲ್ಲಿ ಒರಗಿದ್ದ. ಅರ್ಧಕ್ಕರ್ಧ ಉತ್ತರ ತಪ್ಪು. ತೊಟ್ಟಿಲ ಹೆಸರಿನ ಪ್ರಶ್ನೆಗೆ ಮಾತ್ರ ಎದೆ ಉಬ್ಬಿಸಿ ಹೇಳಿದ: “ಅಮ್ಮಾಜಿ! ಅತ್ತೆ ಹಂಗೇ ಕರೆಯೋದು.”

ಅಲ್ಲಿಂದಲೇ ಅವನಿಗೂ ಫೋನ್ ಮಾಡಿದೆ. ಕೆಲಸ ಹೋದ ವಿಷಯಕ್ಕೆ ಅವನು ಬೇಸರದ ನಾಟಕವನ್ನೂ ಆಡಲಿಲ್ಲ.

“ಒಳ್ಳೇದೇ ಆಯ್ತು ಬಿಡಿ ಮೇಡಂ. ಮದುವೆ ಆಗಿ ಪುಣೆಗ್ ಹೋಗ್ತೀನಿ ಅಂದ್ರೆ ನಮ್ಮಮ್ಮ ಒಪ್ತಾರಾ? ಇದೇ ಮಾತು ಮೊನ್ನೆ ಶನಿವಾರ ಅವ್ರ ಮನೆಗೂ ಫೋನ್ ಮಾಡಿ ಹೇಳಿದ್ರು. ಕೆಲ್ಸ ಬಿಡದಿದ್ರೆ ಮದುವೆ ಬೇಡ ಅಂತ.”

“ಯಾರ ಹತ್ರ ಹೇಳಿದ್ರು?”

“ಅತ್ತೆ ಹತ್ರ.”

ಇಂಥವನಿಗೆ ಕಪಾಳಕ್ಕೆ ಬಾರಿಸಲು ಕಾನೂನಿನಲ್ಲಿ ಅವಕಾಶವಿಲ್ಲ. ಫೋನ್ ಇಟ್ಟೆ.

ಅರ್ಫಾಳ ಕಾರ್ಡು ಇನ್ನೂ ನನ್ನ ಕೈಯಲ್ಲಿತ್ತು. ಈಗ ಹಿಂದುಗಡೆ ತಿರುಗಿಸಿ ಉತ್ತರ ನೋಡಿದೆ. ‘ಅಮ್ಮಾಜಿ.’

“ಈ ಉತ್ತರ ಯಾರು ಹೇಳಿದ್ದು?”

“ಆಂಟೀನೇ. ಮೌನಿಕಾ ಅಮ್ಮ.”

*

ಅಷ್ಟರಲ್ಲಿ, ಬೆಳಿಗ್ಗೆ ನಾನು ಕೇಳಿದ್ದ ವಿವರಕ್ಕೆ ಆಸ್ಪತ್ರೆಯ ಉತ್ತರ ಮೇಲ್‌ನಲ್ಲಿ ಬಂತು. ಕೆಲಸ ಬೇಡವೆಂದದ್ದು ಮೌನಿಕಾಳ ಸ್ವಂತ ಫೋನಿನಿಂದ, ತಾರಸಿಯಲ್ಲಿ ಆಟ ನಡೆಯುತ್ತಿದ್ದ ಹೊತ್ತಿನಲ್ಲೇ. ಭದ್ರತೆಯ ಪ್ರಶ್ನೆಗೆ ಮೊದಲನೇ ಸಲಕ್ಕೇ ಸರಿಯುತ್ತರ ಬಂದಿತ್ತು. ಒಮ್ಮೆಯೂ ತಪ್ಪಾಗಿರಲಿಲ್ಲ.

ನಾನು ಹಳ್ಳಿಗೆ ವಾಪಸ್ ಹೋದೆ. ಜಗುಲಿಯ ಮೇಲೆ ಅಜ್ಜಿ, ಪಕ್ಕದಲ್ಲಿ ಮೌನಿಕಾ ಕೂತಿದ್ದರು.

“ಮೌನಿಕಾ, ವೆಬ್‌ಸೈಟಿನಲ್ಲಿ ನೀನು ಹಾಕಿದ್ದ ಉತ್ತರ ಏನು? ಅಮ್ಮಾಜಿ?”

“ಅಲ್ಲ ಮೇಡಂ. ಓಬಳಮ್ಮ.”

ಅಜ್ಜಿಯ ಮುಖ ಅರಳಿತು. “ನನ್ ಹೆಸ್ರೇ ತಲ್ಲೀ. ತೊಟ್ಲಲ್ಲಿ ಹಾಕ್ದಾಗ ನಾನೇ ಕಿವೀಲಿ ಹೇಳ್ದೆ. ಸ್ಕೂಲಿಗ್ ಸೇರ್ಸೋವಾಗ ಹಳೇ ಹೆಸ್ರು ಬೇಡ ಅಂತ ಮೌನಿಕಾ ಮಾಡಿದ್ರು.”

“ಅರ್ಜಿ ತುಂಬಿದಾಗ ಹತ್ತಿರ ಯಾರಿದ್ದರು?”

“ಅಮ್ಮ,” ಎಂದಳು ಮೌನಿಕಾ. ಹೇಳಿದ ಮೇಲೆ ಅವಳ ಮುಖ ಬದಲಾಯಿತು. ಬುದ್ಧಿವಂತ ಹುಡುಗಿ. ಉತ್ತರಕ್ಕೆ ನನಗಿಂತ ಮೊದಲು ತಲುಪಿದಳೋ ಏನೋ.

ಶ್ಯಾಮಲಮ್ಮನನ್ನು ಹೊರಗೆ ಕರೆದೆ. ಗಂಡನೂ ಹುಳುಮನೆಯಿಂದ ಬಂದ.

“ಅರ್ಫಾಗೆ ನೀವೇ ತೊಟ್ಟಿಲ ಹೆಸರು ಹೇಳಿದೆ ಅಂದ್ರಿ. ಏನ್ ಹೆಸರು ಹೇಳಿದ್ರಿ?”

“ಅದೇ... ಇವ್ಳಿಗಿಟ್ಟಿದ್ದ ಹೆಸ್ರು.”

“ಅದೇನು ಅಂತ ಹೇಳಿ.”

ಶ್ಯಾಮಲಮ್ಮ ಸೆರಗು ಬಾಯಿಗೆ ಒತ್ತಿಕೊಂಡು ಅತ್ತೆಯ ಕಡೆ ನೋಡಿದರು.

“ನೀವು ಹೇಳಲ್ಲ. ಹೇಳೋಕಾಗಲ್ಲ,” ಎಂದೆ. “ಗೌರಿಬಿದನೂರಿನಲ್ಲಿ ನಮ್ಮಮ್ಮನೂ ಹಾಗೇ. ಸೊಸೆಯಾಗಿ ಬಂದವಳು ಅತ್ತೆಯ ಹೆಸರು ಬಾಯಲ್ಲಿ ಆಡಬಾರದು. ಮಗುವಿಗೆ ಅದೇ ಹೆಸರಿಟ್ಟರೆ ಅದನ್ನೂ ಕೂಗಬಾರದು. ಅದಕ್ಕೇ ಮಗಳನ್ನ ಅಮ್ಮಾಜಿ ಅಂತ ಕರೆದ್ರಿ. ಅರ್ಫಾ ಕೇಳಿದಾಗಲೂ ಅಮ್ಮಾಜಿ ಅಂದ್ರಿ. ಅವಳು ಅದನ್ನೇ ಬರ್ಕೊಂಡ್ಲು. ನಿಮ್ಮಳಿಯನೂ ಅದನ್ನೇ ನಂಬಿದ್ದಾನೆ. ಈ ಕೆಲಸ ಅರ್ಫಾ ಮಾಡಿದ್ದಿದ್ರೆ ಮೊದಲು ಅಮ್ಮಾಜಿ ಅಂತ ಒತ್ತುತ್ತಿದ್ಲು. ತಪ್ಪು ಅಂತ ಬರ್ತಿತ್ತು. ಒಂದು ಸಲವೂ ತಪ್ಪು ಬಂದಿಲ್ಲ.”

ಮೌನಿಕಾ ಜಗುಲಿಯಿಂದ ಎದ್ದು ನಿಂತಳು.

“ಒತ್ತಿದವರಿಗೆ ನಿಜವಾದ ಹೆಸರು ಗೊತ್ತಿತ್ತು. ಅದು ಗೊತ್ತಿರೋದು ಮನೆಯವರಿಗೆ. ನಿಮ್ಮ ಯಜಮಾನ್ರು ಆ ಹೊತ್ತಿಗೆ ಗೂಡು ತಗೊಂಡು ಮಾರುಕಟ್ಟೆಗೆ ಹೋಗಿದ್ರು. ಅಜ್ಜಿಗೆ ಓದೋಕೆ ಬರಲ್ಲ. ಮೌನಿಕಾ ತಾರಸಿ ಮೇಲೆ ಎಲ್ಲರ ಕಣ್ಣೆದುರಿಗೆ ಇದ್ಲು. ಮೊರದ ಪಕ್ಕ ಇದ್ದೋರು ನೀವು. ಬೆರಳಲ್ಲಿ ಒತ್ತೋಕೆ ಬಾಯಿ ಬೇಕಾಗಿಲ್ಲ.”

ರಾಮಾಂಜಿನಪ್ಪ ಹೆಂಡತಿಯ ಕಡೆ ನೋಡಿದ. “ಏನೇ ಇದು? ಸುಳ್ಳು ಅಂತ ಹೇಳೇ.”

ಶ್ಯಾಮಲಮ್ಮ ಸೆರಗು ಕೆಳಗಿಳಿಸಿದರು. ಹೆದರಿಕೆ ಹೋಗಿತ್ತು. ಅದರ ಜಾಗದಲ್ಲಿ ಹಳೆಯ ಸಿಟ್ಟೊಂದು ಬಂದು ನಿಂತಿತ್ತು.

“ಹೂಂ, ನಾನೇ ಒತ್ತಿದ್ದು. ಕಾರ್ಡ್ ಹಂಚಿ ಆದ್ಮೇಲೆ ಮದುವೆ ನಿಂತೋದ್ರೆ ಊರಲ್ಲಿ ತಲೆ ಎತ್ಕೊಂಡು ತಿರುಗೋಕಾಗುತ್ತಾ? ಬೀಗಿತ್ತಿ ಫೋನಲ್ಲಿ ಹೆಂಗ್ ಮಾತಾಡಿದ್ಲು ಅಂತ ನಿಮಗೇನ್ ಗೊತ್ತು? ಇವ್ಳಿಗ್ ಹೇಳಿದ್ರೆ ಕೇಳ್ತಿದ್ಲಾ? ನಂಗೂ ಟೀಚರ್ ಟ್ರೈನಿಂಗ್ ಸೀಟ್ ಸಿಕ್ಕಿತ್ತು. ಮದುವೆ ಅಂತ ಬಿಟ್ಬಂದೆ. ಸತ್ತೋದ್ನಾ?”

“ನೀನು ಬಿಟ್ಟಿದ್ದು ನಿಂದು,” ಎಂದಳು ಮೌನಿಕಾ. “ಇದು ನಂದು.”

“ನಿನ್ ಒಳ್ಳೇದಕ್ಕೆ ಕಣೇ...”

“ಅರ್ಫಾ ಹೆಸ್ರು ಹೇಳಿದ್ದು ಯಾರ್ ಒಳ್ಳೇದಕ್ಕಮ್ಮ?”



*

ಮರುದಿನ ಮೌನಿಕಾಳನ್ನು ನಾನೇ ಶಿಡ್ಲಘಟ್ಟಕ್ಕೆ ಕರೆದುಕೊಂಡು ಹೋದೆ. ಕ್ಷಮೆ ಕೇಳಬೇಕು ಅಂದಿದ್ದಳು. ಅರ್ಫಾ ಬಾಗಿಲಲ್ಲೇ ನಿಂತಳು. ಒಳಗೆ ಬಾ ಎನ್ನಲಿಲ್ಲ.

“ಆಸ್ಪತ್ರೆ ಮೇಲ್ ಪಾರ್ಟಿ ದಿನಾನೇ ನಂಗೂ ಬಂತು,” ಎಂದಳು. “ಬೇಡ ಅಂತ ಬರ್ದು ಇಟ್ಟಿದ್ದೆ. ನಿನ್ನ ಜಾಗ ನಂಗ್ಯಾಕೆ ಅಂತ. ನಿನ್ನೆ ಬೆಳಿಗ್ಗೆ ಅಬ್ಬಾ ಮಾರ್ಕೆಟ್ಟಿಂದ ಬಂದು ಗೋಡೆ ಕಡೆ ಮುಖ ಮಾಡಿ ಮಲ್ಕೊಂಡ್ರು. ಆಗ ಬರ್ತೀನಿ ಅಂತ ಒತ್ಬಿಟ್ಟೆ.”

“ಅರ್ಫಾ, ಅಪ್ಪ ಸಿಟ್ಟಲ್ಲಿ...”

“ನಿಮ್ಮಪ್ಪನ್ ಮಾತು ಬಿಡು. ಸಹಿ ನಿಂದು ಅಲ್ವಾ? ಒಂದು ಸಲ ಫೋನ್ ಮಾಡಿ ಕೇಳ್ಬೋದಿತ್ತು ಕಣೇ. ನೀನಾ ಅಂತ ಒಂದೇ ಒಂದು ಸಲ.”

ಮೌನಿಕಾ ತಲೆ ತಗ್ಗಿಸಿದಳು. “ಹೋಗು. ನೀನಾದ್ರೂ ಹೋಗು,” ಎಂದಳು.

“ನಿನ್ನ ಪರ್ಮಿಷನ್ ಕೇಳಿಲ್ಲ,” ಎಂದು ಅರ್ಫಾ ಬಾಗಿಲು ಹಾಕಿಕೊಂಡಳು.

ಮೌನಿಕಾ ಬಂದು ಜೀಪು ಹತ್ತಿದಳು. ನಾನು ದೂರಿನ ವಿಷಯ ಎತ್ತಲೇಬೇಕಾಗಿತ್ತು. ಅರ್ಫಾಳ ಹೆಸರು ತೆಗೆಯುವುದು ಸರಿ, ಮುಂದೆ ಏನು ಮಾಡಬೇಕು ಎಂದು ಕೇಳಿದೆ.

“ಚಿಂತಾಮಣಿಯವ್ರಿಗೆ ಬೆಳಿಗ್ಗೇನೇ ಫೋನ್ ಮಾಡ್ದೆ ಮೇಡಂ. ಮದುವೆ ಬೇಡ ಅಂದೆ. ಕೇಸೂ ಬೇಡ.”

“ತಾಯಿ ಅಂತ ಬಿಡ್ತಾ ಇದ್ದೀಯಾ?”

“ಅಲ್ಲ.” ಅವಳು ನನ್ನನ್ನು ನೇರವಾಗಿ ನೋಡಿದಳು. “ಕೇಸ್ ಹಾಕಿದ್ರೆ ಅಮ್ಮ ಕೋರ್ಟಲ್ಲಿ ನಿಂತ್ಕೊಂಡು ಅಳ್ತಾಳೆ. ಅವ್ಳು ಅತ್ರೆ ನಾನು ಕ್ಷಮಿಸ್ಬೇಕಾಗುತ್ತೆ. ನಂಗೆ ಕ್ಷಮಿಸೋಕಿಷ್ಟ ಇಲ್ಲ ಮೇಡಂ.”