ಗಂಟಿನೊಳಗಿನ ಹಳದಿ

"ಅಲ್ಲಾಡಬೇಡ," ಎಂದಳು ಅತ್ತೆ, ಸೊಸೆಯ ಕೂದಲನ್ನು ಮುಷ್ಟಿಯಲ್ಲಿ ಬಿಗಿಹಿಡಿದು.

ಹದಿನಾರು ವರ್ಷಗಳಲ್ಲಿ ಆಕೆ ಸೊಸೆಯ ತಲೆ ಬಾಚಿದವಳಲ್ಲ. ಇಂದು ಬೆಳಿಗ್ಗೆ ತಾನಾಗಿಯೇ ಬಾಚಣಿಗೆ ಹಿಡಿದು ಬಂದಿದ್ದಳು.

"ಹಿತ್ತಿಲ ಹಂಡೇಲಿ ನೂಲಿಗೆ ಬಣ್ಣ ಹಾಕಿದ್ದು ಯಾರು ಅಂತ ಕೋರ್ಟಲ್ಲಿ ಕೇಳ್ತಾರೆ. ಮೈದುನ ಅನ್ನು. ಕಣ್ಣಾರೆ ಕಂಡೆ ಅನ್ನು."

"ನಾನು ಕಾಣಲಿಲ್ಲವಲ್ಲ ಅತ್ತೆ…"

"ಕಾಣದಿದ್ರೆ ಈಗ ಕಾಣು!" ಬಾಚಣಿಗೆ ನೆತ್ತಿಯನ್ನು ಗೀರಿತು. "ಆ ಮೋಟನಿಗೆ ಹೆಂಡತಿಯೇ, ಮಕ್ಕಳೇ? ಎರಡು ವರ್ಷ ಒಳಗಿದ್ದು ಬರ್ತಾನೆ. ನಿನ್ನ ಗಂಡ ಹೋದ್ರೆ ಈ ಮನೆ ಏನಾಗತ್ತೆ, ಯೋಚಿಸಿದೀಯಾ?"

ಗಂಡ ಹೋದರೆ…! ಬಾಯಿ ಜಾರಿದ್ದು ತಿಳಿದು ಅತ್ತೆಯ ಕೈ ಗಕ್ಕನೆ ನಿಂತಿತು. ಹೊಸ್ತಿಲಲ್ಲಿ ಕೂತು ಚಪ್ಪಲಿ ಒರೆಸುತ್ತಿದ್ದ ಗಂಡ ತಲೆ ಎತ್ತಲಿಲ್ಲ. ಒರೆಸಿದ ಚಪ್ಪಲಿಯನ್ನೇ ಮತ್ತೆ ಒರೆಸತೊಡಗಿದ. ಅವನ ಉಗುರಿನ ಸಂದಿಯಲ್ಲಿದ್ದ ಕೆಂಪು ಹೋಗಿ ಎಷ್ಟೋ ದಿನವಾಗಿತ್ತು. ಅಂದು ಕೇಳಿದಾಗ, "ಕಿಟಕಿಗೆ ಬಣ್ಣ ಹೊಡೆದೆ," ಎಂದಿದ್ದ. ಹೌದಿರಬೇಕು ಎಂದು ಅವಳು ಸುಮ್ಮನಾಗಿದ್ದಳು. ಆ ಮನೆಯ ಕಿಟಕಿಗಳು ಈಗಲೂ ಬರಿಯ ಮರದ ಬಣ್ಣದಲ್ಲೇ ಇದ್ದವು.

ನೇಕಾರರ ಸಂಘ ಕಂಬಳಿ ನೇಯಲೆಂದು ನಲವತ್ತು ಲಡಿ ಹಳದಿ ನೂಲನ್ನು ಆ ಮನೆಗೆ ಒಪ್ಪಿಸಿತ್ತು. ಸಹಿ ಹಾಕಿ ತೆಗೆದುಕೊಂಡವನು ಮೈದುನ. ಕಂಬಳಿಯೂ ಬರಲಿಲ್ಲ, ನೂಲೂ ಉಳಿಯಲಿಲ್ಲ. ಪೊಲೀಸರು ಹುಡುಕಿದಾಗ ಅವನ ಮಗ್ಗದ ಕೆಳಗೆ ಹನ್ನೆರಡು ಲಡಿ ಸಿಕ್ಕಿದವು. ಆದರೆ ಅವು ಕಡುಗೆಂಪು! ಅಂದಿನಿಂದ ಅವನು ಜೈಲಿನಲ್ಲಿ. ಅವನಿಗೆ ಆರು ವರ್ಷವಾಗಿದ್ದಾಗ ಈ ಮನೆಗೆ ಬಂದ ಅತ್ತಿಗೆ ಅವನನ್ನು ಮಡಿಲಲ್ಲಿ ಮಲಗಿಸಿಕೊಂಡು ರಾಟೆ ತಿರುಗಿಸಿದವಳು. ನಾಲ್ಕು ವರ್ಷದ ಹಿಂದೆ ಮಗ್ಗಕ್ಕೆ ಸಿಕ್ಕಿ ಅವನ ಎಡ ಹೆಬ್ಬೆರಳು ಹೋದಾಗ ಹೆತ್ತ ತಾಯಿ ಅವನಿಗೆ ಮೋಟ ಎಂದು ಹೆಸರಿಟ್ಟಳು. ಅತ್ತಿಗೆ ತಿಂಗಳುಗಟ್ಟಲೆ ಗಾಯಕ್ಕೆ ಮದ್ದು ಕಟ್ಟಿದಳು.

ಕೋರ್ಟಿನ ಮೆಟ್ಟಿಲ ಬಳಿ ಮೈದುನನ ವಕೀಲರು ಅವಳಿಗೆ ತಗ್ಗಿದ ದನಿಯಲ್ಲಿ ಹೇಳಿದರು: "ವಹಿಸಿಕೊಂಡ, ವಾಪಸು ಕೊಡಲಿಲ್ಲ. ಅಷ್ಟಕ್ಕೇ ಅಪರಾಧ ಆಗೋದಿಲ್ಲಮ್ಮ. ಸಿಕ್ಕಿದ್ದು ಅದೇ ನೂಲು, ಅದನ್ನ ಲಪಟಾಯಿಸಿದವನು ಇವನೇ ಅಂತ ಅವರು ತೋರಿಸಬೇಕು. ನೀವು ಕಂಡೆ ಅಂದ್ರೆ ಮುಗೀತು. ಕಾಣಲಿಲ್ಲ ಅಂದ್ರೂ ಗೆಲ್ತೀವಿ ಅನ್ನೋ ಧೈರ್ಯ ಇಲ್ಲ… ಸಿಕ್ಕಿದ್ದು ಅವನ ಮಗ್ಗದ ಕೆಳಗೇ ನೋಡಿ."

ಕಟಕಟೆಯ ಮರ ತಣ್ಣಗಿತ್ತು. ಹಿಂದಿನ ಬೆಂಚಿನಲ್ಲಿ ಅತ್ತೆ, ಪಕ್ಕದಲ್ಲಿ ಗಂಡ. ಎದುರಿಗೆ ಇಳಿದುಹೋದ ಮುಖದ ಮೈದುನ.

"ಹೇಳಿ, ಬಣ್ಣ ಹಾಕಿದ್ದು ಯಾರು?" ಸರ್ಕಾರಿ ವಕೀಲರು ಕೇಳಿದರು.

"ಒಂದು ಲಡಿ ಕೈಗೆ ಕೊಡ್ತೀರಾ ಸ್ವಾಮಿ?"

ನ್ಯಾಯಾಧೀಶರು ತಲೆಯಾಡಿಸಿದರು. ಅವಳು ಲಡಿಯನ್ನು ಮೂಸಿದಳು, ತಿರುಗಿಸಿದಳು. ಅದರ ಕಟ್ಟಿನ ಗಂಟು ಬೆರಳಿಗೆ ಸಿಕ್ಕಿತು. "ಹಂಡೇಲಿ ಸಿಕ್ಕಾಗಬಾರದು ಅಂತ ಲಡಿಯನ್ನ ಅದೇ ನೂಲಲ್ಲಿ ಕಟ್ಟಿ ಅದ್ದುತಾರೆ. ಬಿಗಿಗಂಟಿನ ಒಳಕ್ಕೆ ಬಣ್ಣ ಇಳಿಯೋದಿಲ್ಲ. ಬಿಚ್ಚಲಾ?"

ಗಂಟು ಸಡಿಲವಾಯಿತು. ಕಡುಗೆಂಪಿನ ನಡುವೆ ಸಾಸಿವೆ ಕಾಳಿನಷ್ಟು ಜಾಗ… ಅಪ್ಪಟ ಹಳದಿ!

"ಅದೇ ನೂಲು!" ಸಂಘದ ಉಗ್ರಾಣಿ ಎದ್ದೇಬಿಟ್ಟ. ಮೈದುನ ಕಣ್ಣು ಮುಚ್ಚಿಕೊಂಡ. ಅತ್ತಿಗೆಯೇ ತನ್ನನ್ನು ಮುಳುಗಿಸಿದಳೇ…! ವಕೀಲರು ಹಣೆ ಒತ್ತಿಕೊಂಡರು. ಅತ್ತೆಯ ತುಟಿಯಲ್ಲಿ ಮಾತ್ರ ನಗೆ ಸುಳಿಯಿತು.

"ಇನ್ನೊಂದು ಮಾತಿದೆ ಸ್ವಾಮಿ. ಈ ಗಂಟನ್ನ ಎಡ ಹೆಬ್ಬೆರಳಿಗೆ ನೂಲು ಸುತ್ತಿ ಹಾಕಬೇಕು. ಮೇಜಿನ ಮೇಲಿರೋ ಉಳಿದ ಹನ್ನೊಂದನ್ನೂ ನೋಡಿ, ಎಲ್ಲಾ ಇದೇ. ನನ್ನ ಮೈದುನನಿಗೆ ಆ ಬೆರಳೇ ಇಲ್ಲ. ಅವನು ಹಲ್ಲಲ್ಲಿ ಕಚ್ಚಿ ಕಟ್ತಾನೆ. ಅವನ ಗಂಟಿನ ತುದಿ ಇಲಿ ತಿಂದ ಹಾಗಿರತ್ತೆ."

ಯಾರೋ ನಕ್ಕರು. ನ್ಯಾಯಾಧೀಶರು ಮುಂದಕ್ಕೆ ಬಾಗಿದರು. "ನಿಮ್ಮ ಮನೇಲಿ ಈ ಗಂಟು ಹಾಕೋರು ಯಾರ್ಯಾರು?"

"ಇಬ್ಬರು. ಅತ್ತೆಗೆ ಕಣ್ಣು ಮಂಜು, ಈ ಕೆಲಸ ಬಿಟ್ಟು ಬಹಳ ದಿನ ಆಯ್ತು. ನಾನೊಬ್ಬಳು…"

"ಇನ್ನೊಬ್ಬರು?"

ಅವಳು ಬಾಯಿ ತೆರೆದಳು. ಮದುವೆಯಾದ ಮೊದಲ ತಿಂಗಳು, ಮಗ್ಗದ ಬಳಿ, ಗಂಡನ ಒರಟು ಹೆಬ್ಬೆರಳನ್ನು ಹಿಡಿದು ನಗುನಗುತ್ತಾ ಈ ಗಂಟು ಕಲಿಸಿದ್ದು ಅವಳೇ.

"ನಾನೊಬ್ಬಳು ಅಂತ ಬರ್ಕೊಳಿ ಸ್ವಾಮಿ. ಇನ್ನೊಬ್ಬರು ಇಲ್ಲೇ ಇದ್ದಾರೆ. ಅವರೇ ಹೇಳಲಿ. ಹೇಳದಿದ್ರೆ… ನಾನೊಬ್ಬಳೇ."

"ಏನು ಹೇಳ್ತಿದೀರಿ ಗೊತ್ತೇನಮ್ಮ? ಅಪವಾದ ನಿಮ್ಮ ಮೇಲೇ ಬರತ್ತೆ!"

"ಗೊತ್ತು ಸ್ವಾಮಿ."

ಗುಮಾಸ್ತನ ಪೆನ್ನು ಕಾಗದದ ಮೇಲೆ ಸರಸರ ಹರಿಯತೊಡಗಿತು. ಅವಳು ಹಿಂದಕ್ಕೆ ತಿರುಗಲಿಲ್ಲ. ಪೆನ್ನು ಒಂದು ಸಾಲು ಮುಗಿಸಿತು. ಎರಡನೆಯದನ್ನು ಹಿಡಿಯಿತು…

ಬೆಂಚು ಕಿರುಗುಟ್ಟಿತು.

"ಕೂತ್ಕೊಳ್ಳೋ! ನನ್ನಾಣೆ!" ಅತ್ತೆ ಮಗನ ಅಂಗಿ ಜಗ್ಗಿದಳು. ಅಂಗಿ ಹರಿದ ಸದ್ದು ಕೇಳಿಸಿತು.

"ಅವಳ ಹೆಸರು ಹೊಡೆದು ಹಾಕಿ," ಎಂದ ಗಂಡ. ದನಿ ಒಡೆದಿತ್ತು. "ಆ ಗಂಟು ನಂದು."

ಇಪ್ಪತ್ತೆಂಟು ಲಡಿಯನ್ನು ಮಳಿಗೆಯವನಿಗೆ ಮಾರಿದ್ದನ್ನೂ, ಉಳಿದದ್ದನ್ನು ತಮ್ಮನ ಮಗ್ಗದ ಕೆಳಗೆ ಬಚ್ಚಿಟ್ಟಿದ್ದನ್ನೂ ಅವನು ಅಲ್ಲೇ ಒಪ್ಪಿಕೊಂಡ. ಪೊಲೀಸರೊಂದಿಗೆ ಹೊರಡುವಾಗ ಹೆಂಡತಿಯ ಮುಂದೆ ಒಂದು ಕ್ಷಣ ನಿಂತ.

ಮೈದುನ ಮನೆಗೆ ಬಂದು ಅತ್ತಿಗೆಯ ಕಾಲ ಬಳಿ ಕುಸಿದು ಬಿಕ್ಕಿದ. ಅತ್ತೆ ಒಳಕೋಣೆಯ ಬಾಗಿಲು ಹಾಕಿಕೊಂಡವಳು ಮೂರು ದಿನ ಈಚೆಗೆ ಬರಲಿಲ್ಲ.

ನಾಲ್ಕನೆಯ ಬೆಳಿಗ್ಗೆ ಸೊಸೆ ರಾಟೆಗೆ ಕೂತಳು. ಸಂಘದ ನೂಲಿನ ಋಣ ತೀರಬೇಕಿತ್ತು. ಎಳೆ ತುಂಡಾಯಿತು. ಅಭ್ಯಾಸದಂತೆ ಎಡ ಹೆಬ್ಬೆರಳು ಮೇಲೆದ್ದು, ನೂಲು ಸುತ್ತಿಕೊಳ್ಳುವ ಮುಂಚೆ ತಡೆದು ನಿಂತಿತು. ಬೇರೆ ಗಂಟು ಅವಳ ಕೈಗೆ ಬಾರದು. ಕಣ್ಣೊರೆಸಿಕೊಂಡು ಅದನ್ನೇ ಹಾಕಿದಳು.

ಒಳಕೋಣೆಯ ಚಿಲಕ ಸರಿಯಿತು. ಅತ್ತೆ ತಡವುತ್ತಾ ಬಂದು ಎದುರಿಗೆ ಕೂತಳು. ನೂಲಿನ ಇನ್ನೊಂದು ತುದಿ ಹಿಡಿದಳು.