ಮಸಣವ್ವನಿಗೆ ಕೊಟ್ಟ ಮುಖ

"ಆಕಿಗೆ ಮುಖಾ ಕೊಡಬ್ಯಾಡ್ರಿ," ಎಂದಳು ಪ್ರೇಮವ್ವ.

ಮೋಟೆಬೆನ್ನೂರಿನ ಆ ಪಡಸಾಲೆಯಲ್ಲಿ ಕುಳಿತಿದ್ದ ಚೇತನಕುಮಾರನಿಗೆ ನಗು ಬಂತು. ಬೆಂಗಳೂರಿನಿಂದ ಟೀವಿ ಧಾರಾವಾಹಿ ನಿರ್ದೇಶಿಸಲು ಬಂದವನು ಅವನು. ಪ್ರೇಮವ್ವನ ಗಂಡ, ತೀರಿಹೋದ ಚಿತ್ರಗಾರ ಸೋಮಣ್ಣ ಬರೆದ, ಮಸಣವ್ವ ಎಂಬ ದೆವ್ವದ ಕಾಮಿಕ್ಸ್ ಪುಸ್ತಕವೇ ಅದರ ಕತೆ. ಹಕ್ಕನ್ನು ಪ್ರಕಾಶಕರಿಂದ ಆಗಲೇ ಪಡೆದಿದ್ದ. ಪುಸ್ತಕದ ಯಾವ ಪುಟದಲ್ಲೂ ಮಸಣವ್ವನಿಗೆ ಮುಖವಿರಲಿಲ್ಲ. ಆ ಜಾಗ ಬರೀ ಬಿಳಿ.

"ಕುಮಾರಪಟ್ಟಣದ ಹೊಳೀ ದಂಡ್ಯಾಗ ಮಾಟಾ ಮಾಡಾಂವ ಒಬ್ಬ ಇದ್ದ. ನಮ್ಮನಿಯವ್ರು ಅವನ ಕಡೆ ಮಸಿ ತಂದು ಬರದ್ರು. ಮೊದಲ ಮಸಣವ್ವಗ ನನ್ನ ತಂಗಿ ಮುಖಾ ಬರದಿದ್ರು. ಮೂರು ದಿನಕ್ಕ ತಂಗಿ ಸತ್ತು ಹೋದ್ಲು. ಮುಖಾ ಸಿಕ್ಕರ ಮಸಣವ್ವ ಜೀವಾನೂ ಕೇಳತಾಳ್ರಿ."

"ಮುಖ ಇಲ್ಲದವಳನ್ನ ಟೀವಿಯಲ್ಲಿ ಯಾರು ನೋಡ್ತಾರಮ್ಮ?" ಎನ್ನುತ್ತ ಅವನು ಎದ್ದ.

ಅದು ೨೦೦೪ರ ಫೆಬ್ರವರಿ. ಬ್ಯಾಡಗಿಯ ಹಳೆಯ ಮೆಣಸಿನಕಾಯಿ ಗೋದಾಮಿನಲ್ಲಿ ಮರುದಿನ ಮಧ್ಯಾಹ್ನ ಚಿತ್ರೀಕರಣ. ಬಾಗಿಲು ಮುಚ್ಚಿದಾಗ ಒಳಗೆ ಗವ್ವೆನ್ನುವ ಕತ್ತಲೆ. ಘಾಟು ಗಂಟಲಿಗೆ ಉಗುರು ಹಾಕುತ್ತಿತ್ತು. ಮಸಣವ್ವನ ಪಾತ್ರಕ್ಕೆ ಹಾವೇರಿಯ ನಾಟಕದ ನಟಿ ಶ್ರೀದೇವಿ. ದೀಪಗಳನ್ನು ನೋಡಿಕೊಳ್ಳುತ್ತಿದ್ದವನು ಪ್ರೇಮವ್ವನ ಊರಿನವನೇ ಆದ ಮುನಾಫ.

ಕ್ಯಾಮೆರಾ ತಿರುಗಿತು. ಶ್ರೀದೇವಿ ಸೆರಗು ಸರಿಸಿ ಮುಖ ಎತ್ತಿದಳು. ಚೀಲಗಳ ಹಿಂದೆ ಯಾರೋ ಒಣಮೆಣಸಿನಕಾಯಿ ತುಳಿದು ಬಂದಂತೆ ಚರಚರ ಸದ್ದು. ಘಾಟಿನ ನಡುವೆ ಸುಟ್ಟ ಕೂದಲ ವಾಸನೆ. ಶ್ರೀದೇವಿ ಕೆಮ್ಮಿದಳು. ಕೆಮ್ಮುತ್ತಲೇ ನೆಲಕ್ಕೆ ಕುಸಿದಳು.

ಮಾನಿಟರಿನಲ್ಲಿ ಅವಳು ಕುಸಿದಿರಲಿಲ್ಲ. ನಿಂತೇ ಇದ್ದಳು. ನಗುತ್ತಿದ್ದಳು.

ಚೇತನಕುಮಾರ ಟೇಪು ಕಿತ್ತ. ಚಿತ್ರ ಹೋಗಲಿಲ್ಲ.

"ಸರ್, ಕರೆಂಟ್ ತಗದೇನಿ," ಎಂದ ಮುನಾಫ. ಕಿತ್ತ ವೈರನ್ನು ಎತ್ತಿ ತೋರಿಸಿದ. "ಆದ್ರೂ ಅದು ಆರವಲ್ದು."

ಶ್ರೀದೇವಿಯ ತುಟಿ ನೀಲಿಗಟ್ಟುತ್ತಿತ್ತು. ಮುನಾಫ ಪ್ರೇಮವ್ವನಿಗೆ ಫೋನು ಹಚ್ಚಿ, ಮೊಬೈಲನ್ನು ನಿರ್ದೇಶಕನ ಕಿವಿಗೆ ಒತ್ತಿ ಹಿಡಿದ.

"ಮುಖಾ ಕೊಟ್ಟಾಂವ ತನ್ನ ಮುಖಾ ಕೊಟ್ಟು ಬಿಡಿಸ್ಕೋಬೇಕ್ರಿ. ಬ್ಯಾರೆ ದಾರಿ ಇಲ್ಲ. ಲಗೂ ಮಾಡ್ರಿ."

ಅವನು ಬಾಗಿಲ ಕಡೆ ನೋಡಿದ. ಓಡಬಹುದಿತ್ತು. ಆದರೆ ಬೇಗ ಬಿಟ್ಟರೆ ಮಗಳು ಶಾಲೆಯಿಂದ ಬರುವಷ್ಟರಲ್ಲಿ ಮನೆ ಸೇರುವೆನೆಂದು ಶ್ರೀದೇವಿ ಬೆಳಿಗ್ಗೆ ಕೇಳಿಕೊಂಡಿದ್ದಳು. ಕಾಲು ಬಾಗಿಲ ಕಡೆ ಹೋಗಲಿಲ್ಲ. ಕ್ಯಾಮೆರಾದ ಮುಂದೆ ಹೋಗಿ ನಿಂತಿತು. ತಣ್ಣಗಿನ ಬೆರಳು ಹಣೆ ಮುಟ್ಟಿತು. ಕೆನ್ನೆಗೆ ಇಳಿಯಿತು. ಗದ್ದ ಸವರಿತು. ಉಸಿರು ನಿಂತಿತು. ಬಂತು.

ಮಾನಿಟರು ಕಪ್ಪಾಯಿತು. ಶ್ರೀದೇವಿ ಎದ್ದು ಕೂತು ನೀರು ಕೇಳಿದಳು.

ಗೆದ್ದೆ ಎಂದುಕೊಂಡ ಚೇತನಕುಮಾರ. ಮುನಾಫ ಮಾತ್ರ ಅವನ ಕಡೆ ಕಣ್ಣೆತ್ತಲಿಲ್ಲ. ಅವನನ್ನು ರಾಣೆಬೆನ್ನೂರಿನ ಲಾಡ್ಜಿಗೆ ಕರೆತಂದು ಮಲಗಿಸಿದ. ಹೋಗುವಾಗ ಗೋಡೆಯ ಕನ್ನಡಿಯನ್ನು ಕಳಚಿ ಬಗಲಲ್ಲಿ ಇಟ್ಟುಕೊಂಡು ಹೋದ.

ಮರುದಿನ ಬೆಳಿಗ್ಗೆ ಹೆಂಡತಿ ನಿರ್ಮಲಾ ಸುದ್ದಿ ತಿಳಿದು ಬೆಂಗಳೂರಿನಿಂದ ಬಂದಳು. ಬಾಗಿಲು ತೆರೆದವಳು ಅವನನ್ನು ನೋಡಿ ಅಲ್ಲೇ ನಿಂತಳು.

"ಕ್ಷಮಿಸಿ, ರೂಮು ತಪ್ಪಾಯ್ತು. ಚೇತನಕುಮಾರ್ ಅನ್ನೋರು ಯಾವ ರೂಮಲ್ಲಿದಾರೆ ಗೊತ್ತಾ?"

"ನಿಮ್ಮಿ, ನಾನೇ ಕಣೇ."

ಅವಳ ಮುಖ ಬಿಳಿಚಿತು. ಒಂದು ಹೆಜ್ಜೆ ಹಿಂದೆ ಸರಿದಳು.

"ನಮ್ಮವರ ಧ್ವನಿ ನಿಮಗೆ ಹೇಗೆ ಬಂತು?" ಎಂದು ಪಿಸುಗುಟ್ಟಿ, ಹೊರಗಿನಿಂದ ಚಿಲಕ ಹಾಕಿದಳು.