ಅವನು ನೋಡುತ್ತಿದ್ದ ಒಂಬತ್ತನೇ ನಂಬರ್

ಮೂರು ವಾರದಿಂದ ಅವನು ಬೇರೊಬ್ಬಳನ್ನು ನೋಡುತ್ತಿದ್ದ. ಕದ್ದುಮುಚ್ಚಿ ಅಲ್ಲ. ಇಪ್ಪತ್ತು ಹುಡುಗಿಯರ ಮುಂದೆ, ದೀಪ ಆರಿಸಿ, ಗೋಡೆಯ ತುಂಬಾ ಅವಳನ್ನು ಮೂಡಿಸಿಕೊಂಡು ನೋಡುತ್ತಿದ್ದ.

"ಇಲ್ಲಿ ನೋಡಿ, ಅವಳು ತಿರುಗೋ ರೀತಿ. ಇನ್ನೊಂದ್ಸಲ ನೋಡೋಣ."

ಇನ್ನೊಂದು ಸಲ ನೋಡಿದೆವು. ಅವಳು ಚೆಂಡನ್ನು ಎದೆಯಲ್ಲಿ ತಡೆದಳು, ಭುಜವನ್ನು ಒಂದು ಕಡೆ ವಾಲಿಸಿ ಇನ್ನೊಂದು ಕಡೆಯಿಂದ ಜಾರಿಕೊಂಡಳು, ಗೋಲು ಹೊಡೆದಳು. ಅವನು ವಿಡಿಯೋ ಮತ್ತೆ ಹಿಂದಕ್ಕೆ ಓಡಿಸಿದ. ಮತ್ತೆ ಹೊಡೆದಳು.

"ಎಷ್ಟು ಚೆಂದ ಅಲ್ವಾ?" ಅಂದ, ತನ್ನಷ್ಟಕ್ಕೆ ತಾನು ಹೇಳಿಕೊಳ್ಳುವವನಂತೆ.

ನನ್ನ ಹೊಟ್ಟೆಗೆ ಬೆಂಕಿ ಬಿತ್ತು.

ನಾನು ನಮ್ಮ ಫುಟ್‌ಬಾಲ್ ತಂಡದ ಡಿಫೆಂಡರ್, ನಾಲ್ಕನೇ ನಂಬರ್. ವಯಸ್ಸು ಮೂವತ್ತಮೂರು. ಎರಡನೇ ಡಿವಿಷನ್ನಿನಲ್ಲೇ ಹದಿನಾರು ವರ್ಷ ಸವೆಸಿದವಳು, ಹಾಗಾಗಿ ಹುಡುಗಿಯರಿಗೆಲ್ಲ ಅಕ್ಕ. ಇಡೀ ಕ್ಲಬ್ಬಿನಲ್ಲಿ ನನ್ನನ್ನು ಅಕ್ಕ ಎನ್ನದವನು ಅವನೊಬ್ಬನೇ, ಪುಣ್ಯಕ್ಕೆ. ಅವನು ನಮ್ಮ ವಿಡಿಯೋ ಅನಲಿಸ್ಟ್. ನಮ್ಮ ಆಟ, ಎದುರಾಳಿಗಳ ಆಟ ಎರಡನ್ನೂ ಕೂತು ನೋಡಿ, ತುಂಡು ತುಂಡು ಮಾಡಿ ನಮಗೆ ತೋರಿಸುವುದು ಅವನ ಕೆಲಸ. ಮಾತೆತ್ತಿದರೆ 'ಇನ್ನೊಂದ್ಸಲ ನೋಡೋಣ' ಎನ್ನುವುದರಿಂದ ಹುಡುಗಿಯರು ಅವನಿಗೆ ಇಟ್ಟ ಹೆಸರು ರಿವೈಂಡ್.

ಗೋಡೆಯ ಮೇಲಿದ್ದವಳು ಫೈನಲ್ಲಿನಲ್ಲಿ ನಮಗೆ ಎದುರಾಗಲಿದ್ದ ತಂಡದ ಒಂಬತ್ತನೇ ನಂಬರ್. ಪೇಪರಿನವರು ಅವಳನ್ನು ಮಿಂಚುಳ್ಳಿ ಎನ್ನುತ್ತಾರೆ. ಹೊತ್ತುಗಟ್ಟಲೆ ಸುಮ್ಮನೆ ನಿಂತಿರುತ್ತಾಳೆ, ಎರಗಿದರೆ ಒಂದೇ ಏಟು. ಅದೇ ಪೇಪರಿನವರು ನನಗೆ ಇಟ್ಟ ಹೆಸರು ಗೋಡೆ. ಹೆಸರಿಡುವುದರಲ್ಲೂ ಜನ ಎಷ್ಟು ಪಕ್ಷಪಾತ ಮಾಡುತ್ತಾರೆ ನೋಡಿ.

ನಮ್ಮ ಲೀಗಿನಲ್ಲಿ ಮೊದಲ ಎರಡು ತಂಡಗಳು ನೇರವಾಗಿ ಮೇಲಿನ ಡಿವಿಷನ್ನಿಗೆ ಹೋಗುತ್ತವೆ. ಉಳಿದ ಒಂದೇ ಒಂದು ಜಾಗಕ್ಕೆ ಮೂರರಿಂದ ಆರನೇ ಸ್ಥಾನದವರು ಪ್ಲೇ-ಆಫ್ ಆಡಬೇಕು. ನಾವು ಆರನೆಯವರು. ಕೊನೆಯ ಪಂದ್ಯದ ಕೊನೆಯ ನಿಮಿಷದ ಪೆನಾಲ್ಟಿಯಿಂದ ಹೇಗೋ ತೂರಿಕೊಂಡು ಒಳಗೆ ಬಂದವರು. ಸೆಮಿಫೈನಲ್ಲಿನ ಮೊದಲ ಪಂದ್ಯವನ್ನು ಹೊರಗೆ ಆಡಿ ಒಂದು ಗೋಲಿನಿಂದ ಸೋತೆವು. ಎರಡನೆಯದನ್ನು ನಮ್ಮ ಮೈದಾನದಲ್ಲಿ ಎರಡು-ಸೊನ್ನೆ ಗೆದ್ದು, ಎರಡೂ ಸೇರಿಸಿ ಒಂದು ಗೋಲು ಮೇಲಾಗಿ ಫೈನಲ್ಲಿಗೆ ಬಂದೆವು. ಆ ಎರಡನೇ ಗೋಲು ನನ್ನದು, ತಲೆಯಿಂದ ಹೊಡೆದದ್ದು.

ಅಂದು ಸಂಜೆ ರಿವೈಂಡ್ ನನ್ನ ಪಕ್ಕದಲ್ಲಿ ಬಂದು ನಿಂತ. ಬೂಟು ಬಿಚ್ಚುತ್ತಿದ್ದವಳು ತಲೆಯೆತ್ತಿದೆ.

"ಚೆನ್ನಾಗಿತ್ತು. ಆದ್ರೆ ಮೂವತ್ತೆರಡನೇ ನಿಮಿಷದಲ್ಲಿ ನೀನು ಎರಡು ಹೆಜ್ಜೆ ಹಿಂದೆ ನಿಂತಿದ್ದೆ."

ಹದಿನಾರು ವರ್ಷಗಳಲ್ಲಿ ನಾನು ಹೊಡೆದ ಅತಿ ದೊಡ್ಡ ಗೋಲಿಗೆ ಅವನಿಂದ ಸಿಕ್ಕ ಬಹುಮಾನ ಇದು. ಅವಳಿಗಾದರೆ ಚೆಂದ, ನನಗೆ ಎರಡು ಹೆಜ್ಜೆ.

ಹಾಗೆಂದು ಅವನು ನನಗೆ ಏನಾಗಬೇಕು ಎಂದು ಯಾರಾದರೂ ಕೇಳಿದ್ದರೆ ಹೇಳಲು ನನ್ನ ಬಳಿ ಏನೂ ಇರಲಿಲ್ಲ. ಎರಡು ವರ್ಷದಿಂದ ಅಭ್ಯಾಸ ಮುಗಿದ ಮೇಲೆ ಅರ್ಧ ಗಂಟೆ ನನ್ನನ್ನು ಕೂರಿಸಿಕೊಂಡು ನನ್ನ ತಪ್ಪುಗಳನ್ನು ತೋರಿಸುತ್ತಿದ್ದ. ಮೆಶಿನ್ನಿನಿಂದ ಎರಡು ಕಾಫಿ ತರುತ್ತಿದ್ದ, ನನ್ನದಕ್ಕೆ ಸಕ್ಕರೆ ಇಲ್ಲದೆ. ನಡುನಡುವೆ ಕನ್ನಡಕ ತೆಗೆದು ಅಂಗಿಯ ತುದಿಯಿಂದ ಒರೆಸುತ್ತಿದ್ದ. ಕನ್ನಡಕವಿಲ್ಲದಿದ್ದರೆ ಅವನಿಗೆ ಎದುರಿಗಿದ್ದವರ ಮುಖವೂ ಸರಿಯಾಗಿ ಕಾಣುವುದಿಲ್ಲ. ಆ ಅರ್ಧ ನಿಮಿಷ ನಾನು ಅವನನ್ನು ಕಣ್ತುಂಬಾ ನೋಡುತ್ತಿದ್ದೆ. ಕನ್ನಡಕ ಮತ್ತೆ ಮೂಗಿನ ಮೇಲೆ ಕೂರುವಷ್ಟರಲ್ಲಿ ಕಪ್ಪಿನೊಳಗೆ ನೋಡುತ್ತಿದ್ದೆ.

ಮಿಂಚುಳ್ಳಿ ಬಂದ ಮೇಲೆ ಆ ಅರ್ಧ ಗಂಟೆಯೂ ಹೋಯಿತು.

ಅವಳ ತಂಡದವರು ಲೀಗಿನಲ್ಲಿ ನಾಲ್ಕನೆಯವರು. ಸೆಮಿಫೈನಲ್ಲಿನ ಮೊದಲ ಪಂದ್ಯ ಡ್ರಾ. ಎರಡನೆಯದನ್ನು ನೋಡಲು ಇವನು ನಾಲ್ಕು ಗಂಟೆ ಬಸ್ಸಿನಲ್ಲಿ ಕೂತು ಖುದ್ದಾಗಿ ಹೋದ. ಅವರು ಎರಡು ಗೋಲು ಹಿಂದಿದ್ದು ಮೂರು-ಎರಡಕ್ಕೆ ಗೆದ್ದರಂತೆ. ಮೂರೂ ಅವಳದೇ. ಮರುದಿನ ಮೂಗು ಬಿಸಿಲಿಗೆ ಸುಟ್ಟುಕೊಂಡು, ಮುಖದಲ್ಲೊಂದು ನಗು ಅಂಟಿಸಿಕೊಂಡು ಬಂದ.

"ವಿಡಿಯೋ ಸಾಲ್ದು ಅಂತ ಹೋದ್ಯಾ?" ಎಂದು ಕೇಳಿದೆ.

"ಎದುರಿಗೆ ನೋಡೋದೇ ಬೇರೆ."

"ಹೌದೌದು. ಮಾತಾಡ್ಸಿದ್ಯಾ?"

"ಯಾರನ್ನ?"

"ಇನ್ಯಾರನ್ನ, ನಿನ್ನ ಮಿಂಚುಳ್ಳೀನ."

"ಪಾರ್ಕಿಂಗಲ್ಲಿ ಸಿಕ್ಕಿದ್ಲು. ಎರಡು ನಿಮಿಷ."

"ಏನಂದ್ಲು?"

ಅವನ ಕಿವಿಗಳು ತುದಿಯಿಂದ ಬುಡದವರೆಗೆ ಕೆಂಪಗಾದವು. "ಏನಿಲ್ಲ" ಎಂದು ಲ್ಯಾಪ್‌ಟಾಪಿನ ವೈರು ಸುತ್ತತೊಡಗಿದ. ಸುತ್ತಿದ್ದನ್ನು ಬಿಚ್ಚಿ ಮತ್ತೆ ಸುತ್ತಿದ. ಆ ಕಿವಿಗಳು ಹೇಳಿದ್ದನ್ನು ನಾನು ನಂಬಿದೆ. ಇನ್ನೇನು ಬೇಕಿತ್ತು?

ಉರಿಯುವ ಬೆಂಕಿಗೆ ತುಪ್ಪ ಸುರಿದವರು ಚಿಕ್ಕಮ್ಮ. ಚಿಕ್ಕಮ್ಮ ಎಂದರೆ ನಮ್ಮ ಜೆರ್ಸಿ ಒಗೆದು, ಮಡಿಸಿ, ಬೂಟಿನ ಲೆಕ್ಕ ಇಡುವವರು. ಅವರ ಕಿವಿಗೆ ಬೀಳದ ಸುದ್ದಿ ಕ್ಲಬ್ಬಿನಲ್ಲಿ ಹುಟ್ಟಿಯೇ ಇಲ್ಲ.

"ಏನೇ ಮಗಳೇ, ಆ ಕನ್ನಡಕದ ಹುಡುಗ ಕೈ ಬಿಟ್ಟು ಹೋಗ್ತಾನಂತಲ್ಲ" ಎಂದರು, ನನ್ನ ಜೆರ್ಸಿ ಹಿಂಡುತ್ತಾ. "ನಾವು ಫೈನಲ್ ಗೆದ್ದು ಮೇಲೆ ಹೋದ್ರೆ ನೀನು ನಮ್ ಕ್ಲಬ್ಬಿಗೆ ಬಂದ್ಬಿಡು ಅಂತ ಆ ಮಿಂಚುಳ್ಳಿ ತಂಡದ ಮ್ಯಾನೇಜರ್ರು ಅವನಿಗೆ ಫೋನ್ ಮಾಡಿದ್ರು. ಅಷ್ಟು ಈ ಕಿವೀಲೇ ಕೇಳ್ದೆ, ಆಮೇಲೆ ಅವನು ಫೋನ್ ಹಿಡ್ಕೊಂಡು ಹೊರಗೆ ಹೋದ."

"ಹೋದ್ರೆ ಹೋಗ್ಲಿ ಬಿಡಿ, ನಂಗೇನು?"

"ನಿಂಗೇನೂ ಇಲ್ಲಪ್ಪ. ಕೈಯಲ್ಲಿರೋ ಆ ಸಾಕ್ಸ್ ಮಾತ್ರ ಹರೀಬೇಡ, ಈ ಕಡೆ ಕೊಡು."

ಆ ರಾತ್ರಿ ನನಗೆ ನಿದ್ದೆ ಬರಲಿಲ್ಲ. ಅವರು ಗೆದ್ದರೆ ಮೇಲಿನ ಡಿವಿಷನ್ ಅವರಿಗೆ, ಅವನೂ ಅವರಿಗೆ, ದಿನಾ ಅಭ್ಯಾಸ ಮುಗಿದ ಮೇಲಿನ ಅರ್ಧ ಗಂಟೆ ಅವಳಿಗೆ. ಕಾಫಿಗೆ ಅವಳು ಎಷ್ಟು ಚಮಚ ಸಕ್ಕರೆ ಹಾಕಿಕೊಳ್ಳುತ್ತಾಳೋ ಎಂದು ಯೋಚಿಸಿ ಎದ್ದು ಕೂತೆ. ಹುಡುಗಿಯರು ಮೇಲೆ ಹೋಗಲು ಆಡುತ್ತಾರೆ, ನಾನು ಅವನನ್ನು ಉಳಿಸಿಕೊಳ್ಳಲು ಆಡುತ್ತೇನೆ ಎಂದು ಅಂದೇ ತೀರ್ಮಾನಿಸಿದೆ. ಯಾರಿಗೂ ಹೇಳಲಿಲ್ಲ.

ಫೈನಲ್ ನಡೆದದ್ದು ಯಾರದೂ ಅಲ್ಲದ ಒಂದು ದೊಡ್ಡ ಸ್ಟೇಡಿಯಮ್ಮಿನಲ್ಲಿ, ಮಧ್ಯಾಹ್ನ ಮೂರಕ್ಕೆ. ಕೈಕುಲುಕುವ ಸಾಲಿನಲ್ಲಿ ಮೊದಲ ಸಲ ಅವಳನ್ನು ಹತ್ತಿರದಿಂದ ಕಂಡೆ. ಮುಂದಿನ ಹಲ್ಲು ಸ್ವಲ್ಪ ಮುರಿದಿತ್ತು, ಆದರೂ ಚೆನ್ನಾಗಿದ್ದಳು. ಸುಳ್ಳು ಹೇಳಲಾರೆ, ತುಂಬಾ ಚೆನ್ನಾಗಿದ್ದಳು.

ಹೊಟ್ಟೆಕಿಚ್ಚಿನಿಂದ ಉದ್ಧಾರವಾದವರಿಲ್ಲ ಎನ್ನುತ್ತಾರೆ. ಅಂದು ನನ್ನ ಆಟ ನೋಡಿದ್ದರೆ ಹಾಗೆ ಹೇಳುತ್ತಿರಲಿಲ್ಲ. ಅವಳು ಎಡಕ್ಕೆ ಹೋದರೆ ನಾನು ಎಡಕ್ಕೆ, ಅವಳು ನೀರು ಕುಡಿದರೆ ನಾನೂ ಅಲ್ಲೇ. ಭುಜ ವಾಲಿಸಿ ಜಾರುವ ಆ ಚೆಂದದ ವಿದ್ಯೆಯನ್ನು ನಾಲ್ಕು ಸಲ ಮಾಡಿದಳು, ನಾಲ್ಕು ಸಲವೂ ಚೆಂಡನ್ನು ಕಿತ್ತುಕೊಂಡೆ. ಅವನು ತೋರಿಸಿದ್ದನ್ನೆಲ್ಲ ಹಲ್ಲು ಕಚ್ಚಿಕೊಂಡು ಕಲಿತಿದ್ದೆನಲ್ಲ.

"ಅಮ್ಮಾ ತಾಯಿ, ಉಸಿರಾದ್ರೂ ಆಡೋಕೆ ಬಿಡು" ಎಂದಳು ಎಪ್ಪತ್ತನೇ ನಿಮಿಷದಲ್ಲಿ. "ನನ್ನ ನೆರಳೂ ಇಷ್ಟು ಅಂಟ್ಕೊಳ್ಳಲ್ಲ."

"ಬಿಡಲ್ಲ" ಎಂದೆ.

ಎಂಬತ್ತೆಂಟನೇ ನಿಮಿಷ. ಆಗಲೂ ಸೊನ್ನೆ-ಸೊನ್ನೆ. ಅವರಿಗೊಂದು ಕಾರ್ನರ್ ಸಿಕ್ಕಿತು. ಗೋಲಿನ ಮುಂದೆ ಎಲ್ಲರೂ ಒತ್ತೊತ್ತಾಗಿ ನಿಂತಿದ್ದೆವು. ನನ್ನ ಕೈ ಅವಳ ಸೊಂಟದ ಬಳಿ, ಅವಳ ಮೊಣಕೈ ನನ್ನ ಪಕ್ಕೆಯಲ್ಲಿ. ಕಾರ್ನರ್ ಹೊಡೆಯುವವಳು ಚೆಂಡು ಇಟ್ಟು, ಸರಿಯಿಲ್ಲವೆಂದು ಮತ್ತೆ ಇಡುತ್ತಿದ್ದಳು.

"ಒಂದು ಕೇಳ್ಲಾ?" ಎಂದಳು ಮಿಂಚುಳ್ಳಿ ಏದುಸಿರಿನಲ್ಲೇ. "ಆ ಕನ್ನಡಕದವನು ನಿನ್ನ ಗಂಡನಾ?"

"ಯಾವ ಕನ್ನಡಕದವನು?"

"ನಿಮ್ಮ ಬೆಂಚಿನ ಕೊನೇಲಿ ಟ್ಯಾಬ್ ಹಿಡ್ಕೊಂಡು ನಿಲ್ತಾನಲ್ಲ, ಅವ್ನೇ. ನಿಮ್ಮ ಮ್ಯಾಚುಗಳನ್ನ ನಮಗೂ ತೋರಿಸ್ತಾರೆ ಕಣೇ. ಚೆಂಡು ಎಲ್ಲಾದ್ರೂ ಇರ್ಲಿ, ಅವನ ಮುಖ ನಿನ್ನ ಕಡೆನೇ. ನಾಲ್ಕನೇ ನಂಬರ್ ಎಲ್ಲಿದಾಳೆ ಅಂತ ಗೊತ್ತಾಗ್ಬೇಕಾದ್ರೆ ಅವನ ಮೂಗು ಯಾವ ಕಡೆಗಿದೆ ನೋಡಿ ಅಂತ ನಮ್ಮ ಹುಡುಗೀರು ನಗ್ತಾರೆ."

ನಾನು ಕಾರ್ನರಿನ ಕಡೆಗೇ ನೋಡುತ್ತಿದ್ದೆ.

"ಅವತ್ತು ಪಾರ್ಕಿಂಗಲ್ಲಿ ಸಿಕ್ಕಿದ್ದ. ನಾಲ್ಕನೇ ನಂಬರ್ ನಿನ್ನ ಹೆಂಡ್ತೀನಾ ಅಂತ ಕೇಳ್ದೆ. ಕಿವಿ ಕೆಂಪಗೆ ಮಾಡ್ಕೊಂಡು ಓಡಿಹೋದ, ಪಾಪ."

ಬೇಕೆಂದೇ ಹೇಳಿದಳೋ, ಸುಮ್ಮನೆ ಬಾಯಿಗೆ ಬಂದಿತೋ, ಈಗಲೂ ನನಗೆ ಗೊತ್ತಿಲ್ಲ. ಆಡುವಾಗ ನಾನು ಬೆಂಚಿನ ಕಡೆ ತಿರುಗಿಯೂ ನೋಡುವವಳಲ್ಲ. ಅಂದು ತಿರುಗಿದೆ.

ಅವನು ನೋಡುತ್ತಿದ್ದ. ಟ್ಯಾಬು ಎದೆಗೊತ್ತಿಕೊಂಡು, ಬಾಯಿ ಅರ್ಧ ತೆರೆದು, ನನ್ನನ್ನೇ ನೋಡುತ್ತಿದ್ದ. ನನ್ನ ಕಣ್ಣು ಅವನ ಕಣ್ಣಿಗೆ ಸಿಕ್ಕಿದ್ದು ಗೊತ್ತಾದರೂ ಅವನು ಕಣ್ಣು ತೆಗೆಯಲಿಲ್ಲ. ಮೂರು ವಾರದ ಉರಿ ಒಂದೇ ಗಳಿಗೆಯಲ್ಲಿ ನನ್ನೊಳಗಿಂದ ಇಳಿದುಹೋಯಿತು. ಮೈ ಹಗುರವಾಯಿತು. ಅವಳ ಸೊಂಟದ ಬಳಿಯಿದ್ದ ನನ್ನ ಕೈ ತಾನಾಗಿ ಸಡಿಲವಾಯಿತು.

ಆಮೇಲೆ ಕೇಳಿಸಿದ್ದು ಸ್ಟೇಡಿಯಮ್ಮಿನ ಅರ್ಧ ಜನರ ಕೂಗು. ಚೆಂಡು ನಮ್ಮ ಬಲೆಯೊಳಗಿತ್ತು.

ಒಂದು-ಸೊನ್ನೆ. ಕೈಗೆ ಬಂದ ತುತ್ತು ಬಾಯಿಗೆ ಬರಲಿಲ್ಲ.

ಡ್ರೆಸ್ಸಿಂಗ್ ರೂಮಿನಲ್ಲಿ ಹುಡುಗಿಯರು ಅಳುತ್ತಿದ್ದರು. ನಾನು ಎದ್ದು ನಿಂತು, "ತಪ್ಪು ನಂದು. ಅವಳನ್ನ ನಾನೇ ಬಿಟ್ಟೆ" ಎಂದೆ. ಯಾರೂ ಬಯ್ಯಲಿಲ್ಲ. ಕೋಚ್ ಮೇಡಂ ನನ್ನ ತಲೆ ನೇವರಿಸಿ ಹೊರಗೆ ಹೋದರು. ಬೈದಿದ್ದರೆ ಸ್ವಲ್ಪ ಹಗುರವಾಗುತ್ತಿತ್ತು. ಒಬ್ಬೊಬ್ಬರೇ ಬಸ್ಸಿಗೆ ಹೋದರು. ನಾನು ಕೆಸರು ಜೆರ್ಸಿಯಲ್ಲೇ ಕೂತಿದ್ದೆ.

ಅವನು ಬಾಗಿಲು ತಟ್ಟಿ ಒಳಗೆ ಬಂದ. ಲ್ಯಾಪ್‌ಟಾಪ್ ತೊಡೆಯ ಮೇಲಿಟ್ಟುಕೊಂಡು, ಬೆಂಚಿನ ಮೇಲೆ ನನ್ನಿಂದ ಒಂದು ಮೊಳ ದೂರ ಕೂತ.

"ಈಗ ಬೇಡ" ಎಂದೆ. "ಎಷ್ಟು ಹೆಜ್ಜೆ ಹಿಂದಿದ್ದೆ ಅಂತ ನಂಗೇ ಗೊತ್ತು."

"ಒಂದೇ ಒಂದ್ಸಲ ನೋಡು. ಇದರಲ್ಲಿ ಅಂಚು ಕತ್ತರಿಸಿಲ್ಲ."

"ಯಾವ ಅಂಚು?"

"ನಿಮಗೆ ತೋರಿಸೋ ವಿಡಿಯೋಗಳಲ್ಲಿ ಬೆಂಚಿನ ಕಡೆ ಅಂಚನ್ನ ನಾನು ಕತ್ತರಿಸಿ ಹಾಕ್ತೀನಿ. ಎರಡು ವರ್ಷದಿಂದ." ಕನ್ನಡಕ ತೆಗೆದ, ಒರೆಸಲಿಲ್ಲ, ಹಾಗೇ ಕೈಯಲ್ಲಿ ಹಿಡಿದುಕೊಂಡ. "ಇಲ್ದಿದ್ರೆ ನಿಮಗೆಲ್ಲ ಗೊತ್ತಾಗ್ಬಿಡ್ತಿತ್ತು."

ವಿಡಿಯೋ ಓಡಿತು. ಚೆಂಡು ಮೂಲೆಯಿಂದ ಮೇಲಕ್ಕೆ ಎದ್ದಿತು. ಹುಡುಗಿಯರು, ರೆಫರಿ, ಎರಡೂ ಬೆಂಚಿನವರು, ಹಿಂದಿನ ಸಾವಿರಾರು ಜನ, ಎಲ್ಲರ ಕುತ್ತಿಗೆಯೂ ಚೆಂಡಿನ ಕಡೆಗೆ. ಅಷ್ಟು ದೊಡ್ಡ ಮೈದಾನದಲ್ಲಿ ಚೆಂಡು ನೋಡದೆ ನಿಂತವರು ಇಬ್ಬರೇ, ಗೋಲಿನ ಮುಂದೆ ಒಬ್ಬಳು, ಗೆರೆಯ ಆಚೆ ಒಬ್ಬ.

ನಾನು ಅತ್ತೆ. ಪಂದ್ಯಕ್ಕೋ, ಹುಡುಗಿಯರಿಗೋ, ಎರಡು ವರ್ಷ ಕತ್ತರಿಸಿ ಬಿಸಾಡಿದ ಅಂಚುಗಳಿಗೋ, ಎಲ್ಲಕ್ಕೂ ಸೇರಿಸಿ ಅತ್ತೆ. ಅವನು ಒಂದು ಮೊಳದ ಜಾಗ ಬಿಟ್ಟು ಹತ್ತಿರಕ್ಕೆ ಸರಿದ.

"ಅವರ ಕ್ಲಬ್ಬಿಗೆ ಯಾವಾಗ ಹೋಗ್ತೀಯ?" ಎಂದು ಮೂಗು ಒರೆಸಿಕೊಂಡು ಕೇಳಿದೆ.

"ಹೋಗಲ್ಲ. ಅವತ್ತು ಫೋನಲ್ಲೇ ಬೇಡ ಅಂದೆ."

"ಯಾಕೆ?"

"ಅಲ್ಲಿ ಕೂತು ನಿನ್ನ ತಪ್ಪು ಹುಡುಕಿ ಬೇರೆಯವರಿಗೆ ಹೇಳ್ಕೊಡಬೇಕಲ್ಲ. ಅದು ನನ್ನ ಕೈಲಾಗಲ್ಲ. ನಿನ್ನ ತಪ್ಪು ನಿಂಗೆ ಮಾತ್ರ ಹೇಳ್ತೀನಿ. ಜೀವನ ಪೂರ್ತಿ ಬೇಕಾದ್ರೂ ಹೇಳ್ತೀನಿ, ನೀನು ಒಪ್ಪಿದ್ರೆ."

ಒಪ್ಪಿದೆ. ಅವನ ಕೈಯಿಂದ ಕನ್ನಡಕ ತೆಗೆದುಕೊಂಡು ಅವನ ಅಂಗಿಯ ತುದಿಯಿಂದಲೇ ಒರೆಸಿದೆ. ಆದರೂ ಹಾಳು ಹೊಟ್ಟೆಕಿಚ್ಚು ಅಷ್ಟು ಸುಲಭಕ್ಕೆ ಸಾಯುತ್ತದೆಯೇ? ತಳದಲ್ಲಿ ಒಂದು ಕಿಡಿ ಉಳಿದೇ ಇತ್ತು.

"ಒಂದು ಹೇಳು. ಆ ಗೋಲನ್ನ ಅವಳು ಹೇಗೆ ಹೊಡೆದ್ಲು? ತಲೇಲಾ, ಕಾಲಲ್ಲಾ?"

ಅವನು ಯೋಚಿಸಿದ. ನಿಜವಾಗಿಯೂ ಹುಬ್ಬು ಗಂಟಿಕ್ಕಿಕೊಂಡು ಯೋಚಿಸಿದ.

"ಗೊತ್ತಿಲ್ಲ."

"ಗೊತ್ತಿಲ್ವಾ? ಇಲ್ಲಿಗೆ ಬರೋ ಮುಂಚೆ ವಿಡಿಯೋ ನೋಡ್ಲಿಲ್ವಾ?"

"ಆರು ಸಲ ನೋಡ್ದೆ" ಎಂದ. "ಆರು ಸಲನೂ ನಿನ್ನನ್ನೇ ನೋಡ್ದೆ."